ಇಲ್ಲದ ಸಾಲು

ದೋಲ್ನಾ ಬರಾ ಎಂಬ ಊರಿನ ಪುರಸಭೆಯ ಮೂರನೇ ಕೊಠಡಿಯ ಗಣಕಯಂತ್ರವು ಕದ್ದ ತಂತ್ರಾಂಶದಿಂದ ಹನ್ನೊಂದು ವರ್ಷ ಲೋಪವಿಲ್ಲದೆ ನಡೆದು, ಸೋಮವಾರ ಅಸಲಿ ತಂತ್ರಾಂಶವನ್ನು ಕೊಂಡು ಹಾಕಿದ ಕೂಡಲೇ ನಿಂತುಹೋಯಿತು.

ಇದರಿಂದ ಮೆಥೊದಿ ಅಜ್ಜನ ಪ್ಲಮ್ ಹಣ್ಣಿಗೆ ಸಂಕಟ ಬಂತು. ಎರಡು ಪೀಪಾಯಿ ಹಣ್ಣು ಹುಳಿತು ಹದಕ್ಕೆ ಬಂದಿತ್ತು. ಊರ ಭಟ್ಟಿಯಲ್ಲಿ ರಾಕಿಯಾ ಎಂಬ ಹಣ್ಣಿನ ಸಾರಾಯಿ ಇಳಿಸಲು ಅವನ ಸರದಿ ಗುರುವಾರ. ಅದು ತಪ್ಪಿದರೆ ಎಲ್ಲವೂ ವಿನೆಗರ್. ಪುರಸಭೆಯ ಚೀಟಿಯಿಲ್ಲದೆ ಭಟ್ಟಿಗೆ ಬೆಂಕಿ ಹಾಕುವಂತಿಲ್ಲ.

"ಒಂದು ಚೀಟಿ ಕೊಡು ತಾಯಿ, ಸ್ಲಾತಿನಾ."

"ಯಂತ್ರ ಒಪ್ಪಬೇಕಲ್ಲ ಅಜ್ಜ," ಎಂದಳು ಗುಮಾಸ್ತೆ. "ತಂತ್ರಾಂಶದ ಪರವಾನಗಿ ಅಸಲಿಯೋ ಅಂತ ಅದು ಕಂಪನಿಯನ್ನ ಕೇಳ್ಬೇಕಂತೆ."

"ಕೇಳಲಿ. ಅದರ ನಾಲಿಗೆ ಬಿದ್ದುಹೋಗಿದೆಯಾ?"

"ಕೇಳ್ತಾನೇ ಇದೆ. ತನ್ನನ್ನೇ ಕೇಳ್ಕೋತಾ ಇದೆ."

ತಂತ್ರಜ್ಞ ಒಗ್ನ್ಯಾನ್ ವಿವರಿಸಿದ. ಯಂತ್ರದೊಳಗೆ ಹೋಸ್ಟ್ಸ್ ಎಂಬ ವಿಳಾಸದ ಕಡತವಿದೆ. ಹೊರಗೆ ಯಾರನ್ನೇ ವಿಚಾರಿಸುವ ಮುನ್ನ ಯಂತ್ರ ಅದನ್ನು ನೋಡುತ್ತದೆ. ಕಳ್ಳತನ ಬಯಲಾಗದಿರಲೆಂದು ಹಿಂದೆ ಯಾರೋ ಅದರಲ್ಲಿ ಒಂದು ಸಾಲು ಬರೆದಿದ್ದರು: ಕಂಪನಿಯ ವಿಳಾಸವೆಂದರೆ ಇದೇ ಯಂತ್ರ. ಈಗ ಪರವಾನಗಿ ಅಸಲಿಯಾದರೂ ಯಂತ್ರವು ತನ್ನ ಬಾಗಿಲನ್ನೇ ತಟ್ಟಿ, ಒಳಗೆ ಯಾರೂ ಇಲ್ಲವೆಂದು ಹಿಂದಿರುಗುತ್ತಿತ್ತು.

"ಆ ಸಾಲು ಅಳಿಸಿಬಿಡೋ ಮಾರಾಯ!"

"ಅರ್ಧ ನಿಮಿಷದ ಕೆಲಸ ಅಜ್ಜ. ಆದೇಶ ಬೇಕು."

ಬುಧವಾರ ಕಾರ್ಯದರ್ಶಿ ಗೆರ್ಗಾನಾ ತೊಂಕೋವಾ ಆದೇಶ ಹೊರಡಿಸಿದರು: "ಈ ಕಚೇರಿಯಲ್ಲಿ ಕದ್ದ ತಂತ್ರಾಂಶ ಎಂದೂ ಇರಲಿಲ್ಲ. ಆದಕಾರಣ ಸದರಿ ಸಾಲೂ ಇಲ್ಲ. ಇಲ್ಲದ ಸಾಲನ್ನು ಅಳಿಸಲು ನಿಯಮದಲ್ಲಿ ಅವಕಾಶವಿಲ್ಲ. ಯಂತ್ರವು ಅನುಸರಿಸುತ್ತಿರುವ ಪದ್ಧತಿಯನ್ನು ಸಾರ್ವಜನಿಕರಿಗೂ ವಿಸ್ತರಿಸಲಾಗಿದೆ. ಇನ್ನು ಮುಂದೆ ಪ್ರತಿಯೊಬ್ಬರೂ ತಮ್ಮ ಅರ್ಜಿಯನ್ನು ತಮಗೇ ಸಲ್ಲಿಸತಕ್ಕದ್ದು. ಚೀಟಿಯನ್ನೂ ತಾವೇ ಕೈಬರಹದಲ್ಲಿ ಕೊಟ್ಟುಕೊಂಡರೆ ಸಾಕು."

ಅಜ್ಜನಿಗೆ ಹಿಗ್ಗೋ ಹಿಗ್ಗು. "ಹಾಗಾದ್ರೆ ಕೊಟ್ಟೆ!"

"ನಿಂತ್ಕೊಂಡು ಕೊಡೋ ಹಾಗಿಲ್ಲ ಅಜ್ಜ. ಈಗ ನೀವು ಅಧಿಕಾರಿ. ಕಿಟಕಿಯ ಈ ಕಡೆ ಬನ್ನಿ."

ಸ್ಲಾತಿನಾ ಕುರ್ಚಿ ಬಿಟ್ಟುಕೊಟ್ಟು ಮೊಹರನ್ನೂ ಕೈಗಿತ್ತಳು. ಕುರ್ಚಿ ಮೆತ್ತಗಿತ್ತು. ಕಾಫಿ ಬಂತು. ಅಜ್ಜ ಕನ್ನಡಕ ಏರಿಸಿ ತನ್ನ ಅರ್ಜಿಯನ್ನು ಮೂರು ಸಲ ಓದಿದ.

"ಪೀಪಾಯಿಯ ಅಳತೆ ಬರೆದಿಲ್ಲ," ಎಂದ ಗಂಭೀರವಾಗಿ. "ಶುಕ್ರವಾರ ಬರಲಿ."

"ಯಾರು ಅಜ್ಜ?"

"ಅರ್ಜಿದಾರ."

ಗುರುವಾರದ ಸರದಿ ಹೋಯಿತು. ಹಣ್ಣು ವಿನೆಗರ್ ಆಯಿತು. ವಿನೆಗರ್‌ಗೆ ಚೀಟಿ ಬೇಕಿಲ್ಲದ್ದರಿಂದ, ಬಾಕಿ ಅರ್ಜಿಗಳ ಸಂಖ್ಯೆ ಸೊನ್ನೆಯೆಂದು ಪುರಸಭೆ ಪ್ರಕಟಿಸಿತು. ಅಜ್ಜನ ಹೆಂಡತಿ ಪೆನಾ ಮಾತ್ರ ಪೀಪಾಯಿಯ ಮುಚ್ಚಳ ತೆಗೆದವಳೇ ಹಣೆ ಚಚ್ಚಿಕೊಂಡಳು.

"ಅಧಿಕಾರಿಯನ್ನ ಬೈಬೇಡ ಕಣೇ," ಎಂದ ಅಜ್ಜ. "ಆತ ಒಳ್ಳೆಯ ಮನುಷ್ಯ. ಅರ್ಜಿದಾರನೇ ಸರಿಯಿರಲಿಲ್ಲ."