ತವೀಪ್ ಹೊತ್ತು ತಂದ ದೈವ

ಮುರಿದ ಫ್ಯಾನು, ಕಾಲಿಲ್ಲದ ಕುರ್ಚಿ ಎತ್ತಿ ತಂದಾಗ ಯಾರೂ ತಕರಾರು ಮಾಡಿರಲಿಲ್ಲ. ಆ ಬೆಳಿಗ್ಗೆ ಮಾತ್ರ ತವೀಪ್ ಬೌದ್ಧ ವಿಹಾರದ ಅಶ್ವತ್ಥದ ಬುಡದಲ್ಲಿ ಯಾರೋ ಬಿಟ್ಟುಹೋಗಿದ್ದ, ಮನೆ ಕಾಯಲೆಂದು ಅಂಗಳದಲ್ಲಿಡುವ ನೆಲದೈವದ ಪುಟ್ಟ ಗುಡಿಯನ್ನೇ ಹೊತ್ತು ತಂದ. ಮಾಡು ಸೀಳಿತ್ತು, ಒಂದು ಕಂಬ ಇರಲಿಲ್ಲ. ಒಬ್ಬನೇ ಕೂತು ಕೆಟ್ಟದ್ದನ್ನು ಸರಿಮಾಡುವುದಕ್ಕಿಂತ ದೊಡ್ಡ ಸುಖ ಅವನಿಗೆ ಗೊತ್ತಿರಲಿಲ್ಲ. ಹತ್ತು ಗಂಟೆಗೆಲ್ಲ ಬಣ್ಣ ಬಳಿದು ಅಂಗಳದಲ್ಲಿ ನಿಲ್ಲಿಸಿದ.

ಪಕ್ಕದ ಮನೆಯ ಪ್ರಯೂನ್ ಅಕ್ಕ ಬೇಲಿಯಿಂದ ಇಣುಕಿದಳು.

"ಅಯ್ಯೋ ನಿನ್ನ! ಬಿಟ್ಟ ಗುಡೀನ ಯಾರಾದ್ರೂ ಮನೆಗೆ ತರ್ತಾರೇನೋ? ಒಳಗೆ ಯಾರ ಮನೆ ದೈವ ಇದ್ಯೋ!"

"ಖಾಲಿ ಇದೆ ಅಕ್ಕ. ನಾನೇ ಗುಡಿಸಿದೀನಿ."

"ದೈವಾನ ಪೊರಕೇಲಿ ಗುಡಿಸ್ದ್ಯಾ?"

ಓಣಿಗೆಲ್ಲ ಸುದ್ದಿ ಹಬ್ಬಿತು. ಏಳು ವರ್ಷ ಭಿಕ್ಷುವಾಗಿದ್ದು ಈಗ ಕ್ಷೌರದಂಗಡಿ ಇಟ್ಟಿರುವ ಸಗುವಾನ್ ಬಂದು ಗುಡಿಯನ್ನು ಮೂರು ಸುತ್ತು ಸುತ್ತಿದ.

"ಇದೆ. ಹಸಿದಿದೆ."

ದೈವದ ನೈವೇದ್ಯಕ್ಕೆ ಕೆಂಪು ಸೋಡಾ ಬಂತು, ಹೀರಲು ಕೊಳವೆ ಸಮೇತ. ಮಣ್ಣಿನ ಆನೆ, ಮಲ್ಲಿಗೆ ಹಾರ ಬಂದವು. ಗುರುತಿಲ್ಲದ ದೈವದ ಜೊತೆ ತವೀಪನೊಬ್ಬನನ್ನೇ ಬಿಡುವುದು ಹೇಗೆಂದು ಎಲ್ಲರೂ ಅಂಗಳದಲ್ಲೇ ಚಾಪೆ ಹಾಸಿದರು. ದೈವ ಗಂಡೋ ಹೆಣ್ಣೋ ಎಂದು ಜಗಳ ಶುರುವಾಯಿತು. ನಡುವೆ ಸೋಡಾ ಎರಡು ಬೆರಳು ಇಳಿದಿತ್ತು. ಕುಡಿದವರು ಯಾರು? ತವೀಪನಿಗೂ ಗೊಂದಲವಾಗಿ, ಯಾರೂ ನೋಡದಾಗ ಗುಡಿಗೆ ಕೈಮುಗಿದು, "ಪೊರಕೆ ಹೊಸದಿತ್ತು" ಎಂದ.

ಮಧ್ಯಾಹ್ನದ ಹೊತ್ತಿಗೆ ಅವನ ತಲೆ ಸಿಡಿಯುತ್ತಿತ್ತು. ಇರಲಾರದೆ ಮೈಮೇಲೆ ಇರುವೆ ಬಿಟ್ಟುಕೊಂಡ ಹಾಗಾಗಿತ್ತು. ಇವರು ಹೋಗದಿದ್ದರೆ ಬದುಕಿದ್ದೂ ಸತ್ತ ಹಾಗೆ! ಕಡೆಗೆ ಹಾವೂ ಸಾಯದ ಕೋಲೂ ಮುರಿಯದ ಉಪಾಯ ಹೊಳೆದು, ತೂಕಡಿಸಿದಂತೆ ನಟಿಸಿ ಬೆಚ್ಚಿ ಎದ್ದ.

"ದೈವ ಕನಸಲ್ಲಿ ಬಂದಿತ್ತು!"

"ಏನಂತು?" ಎಂದ ಸಗುವಾನ್.

"ಹಳೇ ಮನೆ ಗಲಾಟೆ ತಡೀಲಾರದೆ ಹೊರಟುಬಂದೆ, ನಂಗೆ ಏಕಾಂತ ಬೇಕು, ಈ ಅಂಗಳದಲ್ಲಿ ನರಮನುಷ್ಯರ ಉಸಿರೂ ಕೇಳಬಾರದು ಅಂತು."

ಸಗುವಾನ್ ತಲೆಬಾಗಿದ. ಚಾಪೆಗಳು ಮಡಚಿಕೊಂಡವು. ಎರಡೇ ನಿಮಿಷದಲ್ಲಿ ಅಂಗಳ ಬರಿದಾಯಿತು. ತವೀಪನಿಗೆ ಸಂತೋಷದಿಂದ ಕಣ್ಣೇ ತುಂಬಿತು.

ಆಗ ಪ್ರಯೂನ್ ಅಕ್ಕ ಅವನ ಮನೆಯೊಳಗಿಂದ ಹೊರಬಂದಳು. ಕಂಕುಳಲ್ಲಿ ಅವನ ಹಾಸಿಗೆ, ಕೈಯಲ್ಲಿ ಬಟ್ಟೆಗಂಟು. ಸಗುವಾನ್ ಇನ್ನು ಯಾರೂ ಒಳಬರದಂತೆ ಗೇಟಿಗೆ ಮಂತ್ರದ ಬಿಳಿ ದಾರ ಸುತ್ತಲು ಕಾಯುತ್ತಿದ್ದ.

"ನಡಿ," ಎಂದಳು ಅಕ್ಕ.

"ಎಲ್ಲಿಗೆ ಅಕ್ಕ?"

"ನಮ್ಮನೆಗೆ. ನೀನೇನು ನರಮನುಷ್ಯ ಅಲ್ವಾ?" ಅವನ ಬೆನ್ನು ಸವರಿದಳು. "ಹೆದರಬೇಡ, ಹನ್ನೊಂದು ಮೊಮ್ಮಕ್ಕಳಿದಾರೆ. ಒಂದು ಗಳಿಗೇನೂ ನಿನ್ನ ಒಂಟಿ ಬಿಡಲ್ಲ."