ಹೇಮಾಂಗಿನಿ ದೇವಿಯವರಿಗೆ ಒಂದು ಬಿನ್ನವತ್ತಳೆ

ಶಿಕಾರಿಪುರದ ಹೈಸ್ಕೂಲಿನಲ್ಲಿ ಕನ್ನಡ ಪಂಡಿತರಾಗಿದ್ದ ಮಹಾಬಲ ಮೇಷ್ಟ್ರಿಗೆ ಆ ದಿನ ಒದಗಿದ ಫಜೀತಿಗೆಲ್ಲ ಕಾರಣ ಒಂದೇ. ಆರು ವರ್ಷದಲ್ಲಿ ಮೊದಲ ಸಲ ಅವರು ಒಂದು ಬಿನ್ನವತ್ತಳೆಯನ್ನು ಹೊಸದಾಗಿ ಬರೆದರು.

ಹಾಗಾದರೆ ಹಿಂದಿನವೆಲ್ಲ ಹಳೆಯವೇ ಎಂದು ಕೇಳಿದರೆ, ಹೌದು, ಹಳೆಯವೇ. ಅಮಲ್ದಾರರು ವರ್ಗವಾಗಲಿ, ಡಾಕ್ಟರು ನಿವೃತ್ತರಾಗಲಿ, ಸಬ್‌ಇನ್ಸ್‌ಪೆಕ್ಟರಿಗೆ ಬಡ್ತಿ ಸಿಗಲಿ, ಅವರ ಗುಣಗಾನ ಬರೆದು, ಅಚ್ಚು ಮಾಡಿಸಿ, ಗಾಜಿನ ಕಟ್ಟು ಹಾಕಿಸಿ, ಸಭೆಯಲ್ಲಿ ಓದಿ ಒಪ್ಪಿಸುವುದು ಪಂಡಿತರ ಕೆಲಸ. ಅವರ ಹತ್ತಿರ ಇದ್ದದ್ದು ಒಂದೇ ಒಕ್ಕಣೆ. ಹೆಸರು, ಹುದ್ದೆ, ತಾರೀಖು ಬದಲಾಯಿಸಿದರೆ ಅದು ಯಾರಿಗೆ ಬೇಕಾದರೂ ಹೊಂದುತ್ತಿತ್ತು. ಹೊಗಳಿಸಿಕೊಂಡವರಲ್ಲಿ ಒಬ್ಬರೂ ಇಲ್ಲಿಯವರೆಗೆ ತಕರಾರು ತೆಗೆದಿರಲಿಲ್ಲ.

ಆದರೆ ಈ ಸಲ ಬರುವವರು ಸಿನಿಮಾ ನಟಿ ಹೇಮಾಂಗಿನಿ ದೇವಿ. ಹತ್ತನೇ ವಯಸ್ಸಿಗೆ ನಾಟಕ ಕಂಪನಿ ಸೇರಿ, ಮದರಾಸಿಗೆ ಹೋಗಿ ಹದಿನಾಲ್ಕು ಚಿತ್ರಗಳಲ್ಲಿ ನಟಿಸಿ, ಈಗ ಎರಡು ವರ್ಷದಿಂದ ತಾವೇ ಕಂಪನಿ ಕಟ್ಟಿ ಚಿತ್ರ ತೆಗೆಯುತ್ತಿದ್ದರು. ಅವರ ಹೊಸ ಚಿತ್ರ ಊರಿನ ಟೆಂಟು ಸಿನಿಮಾದಲ್ಲಿ ಮೂರನೇ ವಾರ ಓಡುತ್ತಿತ್ತು. ಮುಂದಿನ ಚಿತ್ರಕ್ಕೆ ಸಾಗರದ ಕಡೆ ಜಾಗ ನೋಡಲು ಹೊರಟವರು ದಾರಿಯಲ್ಲಿ ಶಾಲೆಯ ಹೊಸ ರಂಗಮಂಟಪವನ್ನು ಉದ್ಘಾಟಿಸಿ ಹೋಗುವುದಾಗಿ ತಂತಿ ಕೊಟ್ಟಿದ್ದರು. ತಂತಿ ತಲುಪಿದ್ದು ಬೆಳಿಗ್ಗೆ ಏಳಕ್ಕೆ, ಅವರು ಬರುವುದು ಅದೇ ದಿನ ಸಂಜೆ ನಾಲ್ಕಕ್ಕೆ.

ಹೆಡ್‌ಮಾಸ್ಟರ್ ಸದಾಶಿವಪ್ಪನವರು ತಂತಿ ಹಿಡಿದುಕೊಂಡೇ ಪಂಡಿತರ ಬಾಡಿಗೆ ಕೋಣೆಗೆ ಬಂದರು. ಪಂಡಿತರು ಒಲೆ ಊದುತ್ತಿದ್ದರು.

"ನೋಡ್ರೀ ಪಂಡಿತ್ರೇ, ಇವತ್ತು ವಿದ್ಯಾಧಿಕಾರಿಗಳೂ ಬರ್ತಾರೆ. ನಿಮ್ಮ ಸೊರಬದ ವರ್ಗಾವಣೆ ಆರ್ಡರು ಅವರ ಜೇಬಲ್ಲೇ ಐತಂತೆ. ಸಭೆ ಚಂದಾಗಿ ನಡೆದ್ರೆ ಅಲ್ಲೇ ಸಹಿ ಹಾಕಿ ಕೊಡ್ತೀನಿ ಅಂದಾರೆ. ಆ ಹಳೇದನ್ನ ಮಾತ್ರ ಓದಬ್ಯಾಡ್ರಿ."

ಪಂಡಿತರು ಊದುಗೊಳವೆ ಕೆಳಗಿಟ್ಟರು. ಅವರ ಹೆಂಡತಿ ವಾಗ್ದೇವಿ ಸೊರಬದ ಪ್ರೈಮರಿ ಶಾಲೆಯಲ್ಲಿ ಟೀಚರು. ಮದುವೆಯಾಗಿ ಆರು ವರ್ಷ, ಸಂಸಾರವೆಲ್ಲ ಭಾನುವಾರಗಳಲ್ಲೇ ನಡೆದಿತ್ತು. ಅದರಲ್ಲೂ ಅರ್ಧ ದಿನ ಶಿರಾಳಕೊಪ್ಪದಲ್ಲಿ ಬಸ್ಸು ಬದಲಾಯಿಸುವುದರಲ್ಲೇ ಕಳೆಯುತ್ತಿತ್ತು. ಸೊರಬಕ್ಕೆ ವರ್ಗವಾದರೆ ದಿನಾ ಹೆಂಡತಿಯ ಕೈ ಊಟ, ದಿನಾ ಹೆಂಡತಿಯ ಮುಖ. ಮನುಷ್ಯನಿಗೆ ಇನ್ನೇನು ಬೇಕು?

ಹೊಸದಾಗಿ ಬರೆಯಲು ಕುಳಿತರು. ತೊಂದರೆ ಏನೆಂದರೆ ಪಂಡಿತರು ಸಿನಿಮಾ ನೋಡಿದವರೇ ಅಲ್ಲ. ವಿಷಯ ತಿಳಿದ ಕೇರಿಯವರು ಒಬ್ಬೊಬ್ಬರಾಗಿ ಸಹಾಯಕ್ಕೆ ಬಂದರು.

"ಕಣ್ಣಿನ ಬಗ್ಗೆ ಬರೀರಿ ಮೇಷ್ಟ್ರೇ," ಎಂದಳು ಮನೆ ಒಡತಿ ಗುಡ್ಡಮ್ಮ. ಅವಳು ಆ ಚಿತ್ರವನ್ನು ನಾಲ್ಕು ಸಲ ನೋಡಿದ್ದಳು. "ಆ ಯಮ್ಮ ಕಣ್ಣಾಗೆ ನೀರು ತಗದ್ಲು ಅಂದ್ರೆ ಟೆಂಟಿನ ಗೇಟಿನೋನೂ ಅಳ್ತಾನೆ."

"ನಡಿಗೆ ಬಿಡಬ್ಯಾಡ್ರಿ," ಎಂದ ಹೋಟೆಲಿನ ಹುಲಿಯಪ್ಪ. "ತಲೆ ಮ್ಯಾಲೆ ಕೊಡ ಹೊತ್ಕಂಡು ಮೆಟ್ಟಿಲಿಳಿದು ಬರ್ತಾಳೆ, ಒಂದು ಹನಿ ಚೆಲ್ಲಂಗಿಲ್ಲ."

ಕಣ್ಣು, ನಡಿಗೆ, ಮಾತಿನ ಇಂಪು, ನಕ್ಕರೆ ಕೆನ್ನೆಯಲ್ಲಿ ಬೀಳುವ ಗುಳಿ. ಪಟ್ಟಿ ಬೆಳೆಯಿತು. ನೋಡದ ಮುಖವನ್ನು ವರ್ಣಿಸುವುದು ಹೇಗೆಂದು ತಿಳಿಯದೆ ಪಂಡಿತರು ಕಣ್ಣು ಮುಚ್ಚಿ ವಾಗ್ದೇವಿಯನ್ನು ನೆನೆದರು. ಆಮೇಲೆ ಲೇಖನಿ ನಿಲ್ಲಲಿಲ್ಲ. ಒಂಬತ್ತಕ್ಕೆ ಮುಗಿಸಿ ಓದಿಕೊಂಡಾಗ ತಮ್ಮ ಬರವಣಿಗೆಗೆ ತಾವೇ ತಲೆದೂಗಿದರು.

ಅಚ್ಚು ಮಾಡಿಸಲು ಒಂಬತ್ತೂವರೆ ಬಸ್ಸಿಗೆ ಶಿರಾಳಕೊಪ್ಪಕ್ಕೆ ಹೋದರು. ಅಂದು ಸಂತೆ. ಲೋಕಪ್ಪನ ಪ್ರೆಸ್ಸಿನ ಬಾಗಿಲವರೆಗೂ ಮೆಣಸಿನಕಾಯಿ ಚೀಲಗಳು. ಲೋಕಪ್ಪ ಸೀನುತ್ತಲೇ ಕಾಗದ ಇಸಿದುಕೊಂಡ.

"ಯಾರಿಗ್ರೀ ಈ ಸಲ?"

"ಮೇಲುಗಡೆ ಬರ್ದಿದೀನಿ ನೋಡು. ನೂರು ಪ್ರತಿ ಬೇಕು. ಒಂದಕ್ಕೆ ಕಟ್ಟು ಹಾಕ್ಸಿಡು. ಎರಡು ಗಂಟೆ ಬಸ್ಸಿಗೆ ಹೋಗ್ಲೇಬೇಕು."

"ಅದಕ್ಕೇನು, ಒಂದು ತಾಸಿನ ಕೆಲ್ಸ," ಎಂದ ಲೋಕಪ್ಪ. ಇಷ್ಟುದ್ದದ ಬರಹ ಒಂದು ತಾಸಿಗೆ ಹೇಗಾದೀತು ಎಂದು ಪಂಡಿತರು ಕೇಳಬೇಕಾಗಿತ್ತು. ಕೇಳಲಿಲ್ಲ. ಒಂದೂವರೆಗೆ ವಾಗ್ದೇವಿ ಸೊರಬದ ಬಸ್ಸಿನಲ್ಲಿ ಬರುವವಳಿದ್ದಳು. ಪೋಸ್ಟಾಫೀಸಿನಿಂದ ಅವಳ ಶಾಲೆಗೆ ಫೋನು ಮಾಡಿಸಿ, ನಟಿಯನ್ನು ನೋಡಿದ ಹಾಗೂ ಆಯಿತು, ಪಾತ್ರೆಪಗಡಿ ಕಟ್ಟಿದ ಹಾಗೂ ಆಯಿತು, ಅರ್ಧ ದಿನ ರಜೆ ಹಾಕಿ ಬಾ ಎಂದು ಹೇಳಿಸಿದ್ದರು.

ಇಬ್ಬರೂ ಸೇರಿ ಎರಡು ಗಂಟೆ ಬಸ್ಸು ಹತ್ತುವಾಗ ಲೋಕಪ್ಪನ ಪ್ರೆಸ್ಸಿನ ಹುಡುಗ ಓಡಿಬಂದು ಪೊಟ್ಟಣವನ್ನು ಕಿಟಕಿಯಲ್ಲಿ ತುರುಕಿದ. ಹಳೆಯ ಪತ್ರಿಕೆ ಸುತ್ತಿ, ಗೋಣಿದಾರದಲ್ಲಿ ಎಂಟು ಗಂಟು ಹಾಕಿತ್ತು.

"ಎಂತ ಬರ್ದಿದೀರಿ, ತೋರ್ಸಿ ನೋಡಣ," ಎಂದಳು ವಾಗ್ದೇವಿ.

"ಸಭೇಲಿ ಕೇಳು. ಇಂಥದ್ದು ನಾನು ಜನ್ಮದಲ್ಲಿ ಬರ್ದಿಲ್ಲ," ಎಂದರು ಪಂಡಿತರು. ದಾರಿಯುದ್ದಕ್ಕೂ ಇಬ್ಬರೂ ಸೊರಬದಲ್ಲಿ ಮಾಡಬೇಕಾದ ಮನೆಯ ಮಾತಾಡಿದರು. ಬಸ್ಸು ಎರಡು ಸಲ ಕೆಟ್ಟು ನಿಂತಿತು.

ಶಾಲೆ ತಲುಪಿದಾಗ ನಾಲ್ಕೂಕಾಲು. ಹೇಮಾಂಗಿನಿ ದೇವಿ ನಾಲ್ಕಕ್ಕೇ ಬಂದು ಕುಳಿತಿದ್ದರು. ಸದಾಶಿವಪ್ಪನವರು ಪಂಡಿತರ ರಟ್ಟೆ ಹಿಡಿದು ವೇದಿಕೆಗೆ ತಳ್ಳಿದರು. ಯಾರೋ ದಾರ ಕತ್ತರಿಸಿ ಪ್ರತಿಗಳನ್ನು ಸಭೆಗೆಲ್ಲ ಹಂಚಿದರು. ಕಟ್ಟು ಹಾಕಿದ್ದನ್ನು ಎರಡೂ ಕೈಯಲ್ಲಿ ಹಿಡಿದು ಪಂಡಿತರು ಗಂಟಲು ಸರಿಮಾಡಿಕೊಂಡರು.

"ಚಿತ್ರನಟಿಯೂ ನಿರ್ಮಾಪಕಿಯೂ ಆದ ಶ್ರೀಮತಿ ಹೇಮಾಂಗಿನಿ ದೇವಿಯವರ ಸನ್ನಿಧಿಗೆ. ಮಾನ್ಯರೇ, ತಾವು ಈ ತಾಲ್ಲೂಕಿನ ಅಧಿಕಾರ ವಹಿಸಿಕೊಂಡಂದಿನಿಂದ..."

ಅಲ್ಲಿಗೆ ಪಂಡಿತರು ಕಟ್ಟನ್ನು ಕಣ್ಣಿಗೆ ಹತ್ತಿರ ಹಿಡಿದು ನೋಡಿದರು. ಗಾಜಿನೊಳಗೆ ಇದ್ದದ್ದು ಹೋದ ತಿಂಗಳು ವರ್ಗವಾಗಿ ಹೋದ ಅಮಲ್ದಾರ್ ಮಾರಪ್ಪನವರ ಬಿನ್ನವತ್ತಳೆ. ಹೆಸರು, ಹುದ್ದೆ, ತಾರೀಖು ಮಾತ್ರ ಹೊಸದು.

ನಿಲ್ಲಿಸುವ ಹಾಗಿರಲಿಲ್ಲ. ಮುಂದಿನ ಸಾಲಿನಲ್ಲಿ ವಿದ್ಯಾಧಿಕಾರಿಗಳು ಕನ್ನಡಕ ಏರಿಸಿ, ಪ್ರತಿಯ ಮೇಲೆ ಬೆರಳಿಟ್ಟುಕೊಂಡು, ಹುಡುಗರ ಉಕ್ತಲೇಖನ ತಿದ್ದುವ ಹಾಗೆ ಓದುತ್ತಿದ್ದರು. ಪಂಡಿತರು ಮುಂದೆ ಓದಿದರು.

"...ದಿನವೂ ಹತ್ತು ಗಂಟೆಗೆ ಸರಿಯಾಗಿ ಕಚೇರಿಯಲ್ಲಿ ಕುಳಿತು, ಕೈಕೆಳಗಿನವರ ಮೇಲೆ ಎಂದೂ ದನಿ ಎತ್ತದೆ, ಬಡವರ ಅಹವಾಲನ್ನು ನಿಂತುಕೊಂಡೇ ಕೇಳಿ, ಒಂದು ಕಾಗದವನ್ನೂ ಬಾಕಿ ಉಳಿಸದೆ..."

ಹಿಂದಿನ ಬೆಂಚಿನಲ್ಲಿ ಯಾರೋ ಕಿಸಕ್ಕೆಂದರು.

"...ದನದ ದೊಡ್ಡಿಗೆ ಹೆಂಚು ಹೊದಿಸಿದ ತಮ್ಮ ಕೀರ್ತಿಯನ್ನು ಮೂಕಪ್ರಾಣಿಗಳೂ ಮರೆಯಲಾರವು. ತಮಗೂ ತಮ್ಮ ಧರ್ಮಪತ್ನಿಯವರಿಗೂ ಭಗವಂತನು ಆಯುರಾರೋಗ್ಯವನ್ನು ಕೊಟ್ಟು ಕಾಪಾಡಲಿ."

ಸಭೆ ಬಿದ್ದು ಬಿದ್ದು ನಕ್ಕಿತು. ಹುಲಿಯಪ್ಪ ಬೆಂಚಿನಿಂದಲೇ ಜಾರಿದ. ವಿದ್ಯಾಧಿಕಾರಿಗಳ ಮುಖ ಬೇಯಿಸಿದ ಬೀಟ್‌ರೂಟಿನ ಹಾಗಾಗಿತ್ತು. ಪಂಡಿತರಿಗೆ ಸೊರಬದ ಬಸ್ಸು ತಮ್ಮನ್ನು ಬಿಟ್ಟು ಹೋಗುತ್ತಿರುವುದು ಕಣ್ಣಿಗೆ ಕಟ್ಟಿದಂತಾಯಿತು.

ಹೇಮಾಂಗಿನಿ ದೇವಿ ಎದ್ದು ನಿಂತರು. ನಗು ನಿಂತಿತು. ಅವರ ಕಣ್ಣಲ್ಲಿ ನೀರಿತ್ತು, ಅದು ಟೆಂಟಿನ ನೀರಲ್ಲ.

"ನನಗೆ ಮೂವತ್ತು ಊರಿನವರು ಬಿನ್ನವತ್ತಳೆ ಕೊಟ್ಟಿದ್ದಾರೆ. ಎಲ್ಲದರಲ್ಲೂ ನನ್ನ ಕಣ್ಣು, ನನ್ನ ನಡಿಗೆ, ನನ್ನ ಕೆನ್ನೆ. ಓದಿ ಓದಿ ಸಾಕಾಗಿದೆ. ನನ್ನ ಕಂಪನಿಯಲ್ಲಿ ಅರವತ್ತು ಜನ ಇದ್ದಾರೆ. ದಿನಾ ಹೊತ್ತಿಗೆ ಸರಿಯಾಗಿ ಹೋಗ್ತೀನಿ. ಯಾರ ಮೇಲೂ ಕೂಗಾಡಲ್ಲ. ಅದನ್ನ ಇದುವರೆಗೆ ಒಬ್ಬರೂ ಬರೀಲಿಲ್ಲ. ಹೋದ ವರ್ಷ ಒಂದು ಹಳ್ಳೀಲಿ ದನದ ಕೊಟ್ಟಿಗೇಲಿ ಚಿತ್ರ ತೆಗೆದು, ಬರೋವಾಗ ಹೆಂಚು ಹೊದಿಸಿ ಬಂದೆ. ಅದು ಇವರಿಗೆ ಹೇಗೆ ಗೊತ್ತಾಯ್ತೋ ಕಾಣೆ. ಧರ್ಮಪತ್ನಿ ಅಂದಾಗ ನೀವೆಲ್ಲ ನಕ್ಕಿರಿ. ಮನೆಯ ಯಜಮಾನಿಕೆಯನ್ನು ಹೆಂಗಸು ಹೊತ್ತಿದ್ದಾಳೆ ಅನ್ನೋದನ್ನ ಇದಕ್ಕಿಂತ ಚೆನ್ನಾಗಿ ಹೇಳೋದು ಹೇಗೆ?"

ಸಭೆಗೆ ಈಗ ಅರ್ಥವಾಯಿತು. ಚಪ್ಪಾಳೆ ಹತ್ತು ನಿಮಿಷ ನಿಲ್ಲಲಿಲ್ಲ. ನಕ್ಕವರೇ ಹೆಚ್ಚು ತಟ್ಟಿದರು. ಪಂಡಿತರಿಗೆ ಹೋದ ಜೀವ ಬಂತು.

"ಈ ಶಾಲೆಗೆ ವೇದಿಕೆಯ ಪರದೆಗಳನ್ನೆಲ್ಲ ನಾನು ಮಾಡಿಸಿ ಕೊಡ್ತೀನಿ," ಎಂದು ಆಕೆ ವಿದ್ಯಾಧಿಕಾರಿಗಳ ಕಡೆ ತಿರುಗಿದರು. "ನನ್ನದೊಂದೇ ಕೋರಿಕೆ. ಇಂಥ ಮೇಷ್ಟ್ರನ್ನ ಈ ಶಾಲೆಯಿಂದ ಎಲ್ಲಿಗೂ ಕಳಿಸಬೇಡಿ."

"ನಾನು ಈ ಜಿಲ್ಲೆಯಲ್ಲಿ ಇರೋ ತನಕ ಕಳಿಸಲ್ಲ ತಾಯಿ," ಎಂದು ವಿದ್ಯಾಧಿಕಾರಿಗಳು ಜೇಬಿನಿಂದ ಆರ್ಡರು ತೆಗೆದು ಸಭೆಯ ಎದುರಿಗೇ ನಾಲ್ಕು ಚೂರು ಮಾಡಿದರು. ಮತ್ತೆ ಚಪ್ಪಾಳೆ. ಅಷ್ಟು ಜನರಲ್ಲಿ ತಟ್ಟದೆ ಕುಳಿತವಳು ವಾಗ್ದೇವಿ ಒಬ್ಬಳೇ.

ನಟಿಯ ಕಾರು ಹೋದ ಮೇಲೆ ಲೋಕಪ್ಪ ಏದುಸಿರು ಬಿಡುತ್ತ ಬಂದ. ನಟಿಯನ್ನು ನೋಡಲೆಂದು ಹೊರಟವನಿಗೆ ಬಸ್ಸು ತಡವಾಗಿತ್ತು.

"ತಗಳ್ರಿ ಮೇಷ್ಟ್ರೇ, ನೀವು ಕೊಟ್ಟ ಕಾಗ್ದ. ಬೇಕಾಗ್ಲಿಲ್ಲ. ನಿಮ್ಮದು ಯಾವಾಗ್ಲೂ ಒಂದೇ ಅಲ್ವೇನ್ರೀ? ಅದಕ್ಕೇ ಆ ಅಚ್ಚುಮೊಳೆ ನಾನು ಬಿಚ್ಚೋದೇ ಇಲ್ಲ. ಮೇಲಿಂದು ಬದಲಾಯಿಸಿ ಹೊಡದುಬಿಟ್ಟೆ."

ಪಂಡಿತರಿಗೆ ಒಂದು ದಾರಿ ಹೊಳೆಯಿತು. ಕಾಗದ ಹಿಡಿದು ವಿದ್ಯಾಧಿಕಾರಿಗಳ ಹತ್ತಿರ ಓಡಿದರು. "ಸ್ವಾಮಿ, ಅದು ಪ್ರೆಸ್ಸಿನವನ ತಪ್ಪು. ನಾನು ನಿಜವಾಗಿ ಬರೆದದ್ದು ಇದು. ನಾನು ಅಂಥ ಮೇಷ್ಟ್ರೇ ಅಲ್ಲ. ದಯಮಾಡಿ ಸೊರಬಕ್ಕೆ ಹಾಕಿ."

ವಿದ್ಯಾಧಿಕಾರಿಗಳು ಓದಿದರು. ಕಣ್ಣಿನ ವರ್ಣನೆಯ ಹತ್ತಿರ ಹುಬ್ಬು ಗಂಟಿಕ್ಕಿದರು, ನಡಿಗೆಯ ಹತ್ತಿರ ಮೂಗು ಮುರಿದರು, ಕೆನ್ನೆಯ ಗುಳಿಯ ಹತ್ತಿರ ಬಂದಾಗ ಕಾಗದ ಮಡಿಸಿ ವಾಪಸು ಕೊಟ್ಟರು.

"ಪಂಡಿತ್ರೇ, ಹೆಂಡತಿ ಊರಿಗೆ ಹೋಗೋ ಆಸೆ ನನಗೆ ಅರ್ಥವಾಗುತ್ತೆ. ಅದಕ್ಕೋಸ್ಕರ ಯಾವನೋ ಪೋಲಿ ಬರೆದದ್ದನ್ನ ತಂದು ನನ್ನದು ಅನ್ನೋದಾ? ಇಂಥದ್ದನ್ನ ನೀವು ಬರೆದಿರಿ ಅಂದ್ರೆ ಯಾರು ನಂಬ್ತಾರೆ?"

ಅವರ ಜೀಪು ಹೊರಟುಹೋಯಿತು. ಪಂಡಿತರು ತಿರುಗಿದರು. ವಾಗ್ದೇವಿ ಹಿಂದೆಯೇ ನಿಂತಿದ್ದಳು. ಅವರ ಕೈಯಿಂದ ಕಾಗದ ಇಸಿದುಕೊಂಡು ಮೊದಲಿಂದ ಕೊನೆಯವರೆಗೆ, ಅಲ್ಪವಿರಾಮವನ್ನೂ ಬಿಡದೆ ಓದಿದಳು. ಓದಿದ ಹಾಗೆಲ್ಲ ಅವಳ ಮುಖ ಬಿಗಿಯಿತು.

"ಆರು ವರ್ಷದಿಂದ ನಂಗೆ ಬರೆದ ಕಾಗ್ದದಲ್ಲೆಲ್ಲ ಕ್ಷೇಮ, ಕ್ಷೇಮಕ್ಕೆ ಪತ್ರ, ಅಷ್ಟೇ. ಕಂಡೇ ಇರದ ಹೆಂಗಸಿನ ಕೆನ್ನೆ ಗುಳಿಗೆ ಒಂದು ಪುಟ."

"ಅಯ್ಯೋ, ನಿನ್ನನ್ನೇ ನೆನೆಸ್ಕಂಡು ಬರೆದದ್ದು ಮಾರಾಯ್ತಿ, ಆಣೆ ಮಾಡ್ತೀನಿ. ಅದೆಲ್ಲ ನೀನೇ. ಬೇಕಾದ್ರೆ ಇದು ನಾನು ಬರೆದದ್ದೇ ಅಲ್ಲ ಅಂತ ತಿಳ್ಕೊ. ಸಾಹೇಬ್ರೂ ಹಂಗೇ ಅಂದ್ರಲ್ಲ."

"ಅವ್ರಿಗೆಂತ ಗೊತ್ತು? ನಾನು ನಂಬ್ತೀನಿ, ನೀವೇ ಬರೆದದ್ದು," ಎಂದು ವಾಗ್ದೇವಿ ಕಾಗದವನ್ನು ಮಡಿಸಿ ತನ್ನ ಚೀಲಕ್ಕೆ ಹಾಕಿಕೊಂಡು, ಆರು ಗಂಟೆಯ ಬಸ್ಸಿಗೆ ಒಬ್ಬಳೇ ನಡೆದಳು.