ಕಲ್ಲಿನ ತೊಟ್ಟಿಗೆ ನಾಲ್ಕು ಬಳೆಯ ಮದ್ದು

ಇದರಲ್ಲಿ ಬರುವ ಒಂದೊಂದು ಮಾತೂ ನಿಜ. ನಂಬಿಕೆ ಬರದಿದ್ದರೆ ನಮ್ಮಕ್ಕನ ಹಸು ಕಮಲಿಯ ಬಾಲ ಹಿಡಿದು ಪ್ರಮಾಣ ಮಾಡುತ್ತೇನೆ, ಒದ್ದರೆ ಒದೆಯಲಿ. ಹೇಳುತ್ತಿರುವವನು ಸಾಮಾನ್ಯನಲ್ಲ, ವಕ್ಕಲೇರಿ ಅಶ್ವತ್ಥಪ್ಪ. ‘ಆಕ್ಸಿಟೆಟ್ರಾಸೈಕ್ಲಿನ್ ಹೈಡ್ರೋಕ್ಲೋರೈಡ್’ ಎಂಬ ಹೆಸರನ್ನು ಬಾಯಿ ತುಂಬ ಎಲೆ ಅಡಿಕೆ ಇಟ್ಟುಕೊಂಡು, ಒಂದೇ ಉಸಿರಿನಲ್ಲಿ, ಎದುರಿಗಿರುವವರ ಅಂಗಿಗೆ ಕಲೆಯಾಗದಂತೆ ಹೇಳಬಲ್ಲವನು ಕೋಲಾರ, ಮಾಲೂರು, ಮುಳಬಾಗಿಲು, ಶ್ರೀನಿವಾಸಪುರ ಈ ನಾಲ್ಕು ತಾಲ್ಲೂಕಿಗೆ ನಾನೊಬ್ಬನೇ. ಒಂದು ಸಲ ಬಸ್ಸಿನಲ್ಲಿ ಅಭ್ಯಾಸ ಮಾಡುತ್ತಿದ್ದಾಗ ಡ್ರೈವರು ಗಾಡಿ ನಿಲ್ಲಿಸಿ, ಇಳಿದು ಬಂದು ಕೈ ಮುಗಿದ.

ವಿಷಯಕ್ಕೆ ಬರುತ್ತೇನೆ. ಮದ್ದಿನ ಹೆಸರಿನ ಅರ್ಥ ತಿಳಿಯದವರಿಗೆ ಮದ್ದು ಕೊಡತಕ್ಕದ್ದಲ್ಲ. ಇದು ಔಷಧನಾಮಾರ್ಥ ಮಂಡಳಿಯ ಒಂದನೇ ನಿಯಮ.

ಮಂಡಳಿ ಹುಟ್ಟುವುದಕ್ಕೆ ಕಾರಣ ನಾವೇ. ನಮ್ಮ ಕಡೆ ಯಾರೂ ಮದ್ದನ್ನು ಹೆಸರು ಹಿಡಿದು ಕೇಳಿದವರಲ್ಲ. ಅಂಗಡಿಗೆ ಹೋಗಿ “ಹಳದಿದು ಕೊಡಿ” ಅನ್ನುತ್ತೇವೆ, ಕೊಡುತ್ತಾರೆ. ಹಸುವಿನ ಕೆಚ್ಚಲು ಬಾವಿಗೂ ಹಳದಿದೇ, ಟೊಮ್ಯಾಟೊ ಗಿಡ ಬಾಡಿದರೂ ಹಳದಿದೇ. ಪಕ್ಕದ ಮನೆ ದೊಡ್ಡಗಂಗಮ್ಮ ತನ್ನ ಗಂಡನ ನೆಗಡಿಗೂ ಅದನ್ನೇ ಕಲಸಿ ಕುಡಿಸಿದ್ದಳು. ಗಂಡನಿಗೆ ನೆಗಡಿ ಹೋಗಲಿಲ್ಲ; ಕೆಚ್ಚಲು ಬಾವು ಮಾತ್ರ ಇವತ್ತಿನವರೆಗೂ ಬಂದಿಲ್ಲ. ಹೀಗೆ ಸಿಕ್ಕಿದ್ದಕ್ಕೆಲ್ಲ ಬಳಸಿದರೆ ಮದ್ದಿಗೆ ರೋಗ ಬಗ್ಗುವುದಿಲ್ಲ ಎಂದು ದೊಡ್ಡವರು ಹೇಳಿದರು. ಅದು ಸರಿಯಾದ ಮಾತು. ಸರಿಯಾದ ಮಾತು ಆಫೀಸಿನೊಳಗೆ ಹೋಗಿ, ಈ ಕೆಳಕಂಡ ಪ್ರಕಟಣೆಯಾಗಿ ಹೊರಗೆ ಬಂತು:

“ಪ್ರತಿಜೀವಕ ಔಷಧಗಳನ್ನು ಬಣ್ಣದಿಂದ ಕರೆಯುವ ಅನಿಷ್ಟ ಪದ್ಧತಿಯನ್ನು ನಿರ್ಮೂಲನೆ ಮಾಡುವ ಸಲುವಾಗಿ, ಇನ್ನು ಮುಂದೆ ಅರ್ಜಿದಾರರು ಔಷಧದ ತಾಂತ್ರಿಕ ನಾಮಧೇಯವನ್ನು ಸ್ಪಷ್ಟವಾಗಿ ಉಚ್ಚರಿಸಿ, ಸದರಿ ನಾಮಧೇಯದ ಅರ್ಥವನ್ನು ಅರಿತಿರುವ ಬಗ್ಗೆ ದೃಢೀಕರಣ ಪತ್ರ ಹಾಜರುಪಡಿಸಿದ ನಂತರವೇ ಔಷಧವನ್ನು ವಿತರಿಸತಕ್ಕದ್ದು. ಅಲ್ಲಿಯವರೆಗೆ ರೋಗವು ಯಥಾಸ್ಥಿತಿಯಲ್ಲಿರತಕ್ಕದ್ದು.”

ಪ್ರಕಟಣೆಯನ್ನು ಕಮಲಿ ಓದಿರಲಿಲ್ಲವೆಂದು ಕಾಣುತ್ತದೆ. ಅದು ಹೊರಬಿದ್ದ ಸೋಮವಾರವೇ ಅವಳ ಕೆಚ್ಚಲಿನ ಹಿಂದಿನ ಬಲಗಡೆ ತೊಟ್ಟು ಊದಿಕೊಂಡಿತು.

ಅಕ್ಕ ದೊಡ್ಡಮುನಿಯಮ್ಮ ಹಾಲು ಕರೆಯಲು ಕೂತವಳು ಹಾಗೇ ಎದ್ದು ಬಂದಳು. “ಲೇ ಅಶ್ವತ್ಥ, ಮುಟ್ಟಿದ್ರೆ ಕೆಂಡ ಕಣೋ. ಹಾಲು ಬರ್ತಾ ಇಲ್ಲ, ಮೊಸರಿನ ಗಟ್ಟಿ ಬರ್ತಾ ಇದೆ.” ಪಶು ಆಸ್ಪತ್ರೆಯಿಂದ ಡಾಕ್ಟರ್ ಅನಿತ ಬಂದು ನೋಡಿದರು. ಒಳ್ಳೆಯ ಹುಡುಗಿ, ಹಸುವಿನ ಜೊತೆ ಮಾತಾಡಿಕೊಂಡೇ ಕೆಲಸ ಮಾಡುತ್ತಾಳೆ. “ಅಮ್ಮಾ, ಇವತ್ತೇ ಈ ತೊಟ್ಟಿಗೆ ಮದ್ದಿನ ಟ್ಯೂಬು ಏರಿಸಿದ್ರೆ ಮೂರು ದಿನಕ್ಕೆ ಇಳಿಯುತ್ತೆ. ಬಿಟ್ಟರೆ ತೊಟ್ಟು ಉಳಿಯಲ್ಲ” ಅಂದರು.

“ಏರಿಸವ್ವ ಮತ್ತೆ!”

“ಟ್ಯೂಬು ನಮ್ಮ ಬೀರುವಿನಲ್ಲೇ ಇದೆ. ಬೀಗದ ಕೈ ಮಂಡಳಿಯಲ್ಲಿದೆ.”

ಮೆಡಿಕಲ್ ಸ್ಟೋರಿಗೂ ಓಡಿದೆ. ಅರ್ಥದ ಚೀಟಿ ಇಲ್ಲದೆ ಕೊಟ್ಟರೆ ಲೈಸೆನ್ಸು ಹೋಗುತ್ತದೆ ಎಂದು ಅಂಗಡಿಯವನು ಶಟರ್ ಅರ್ಧ ಎಳೆದ. ಸರಿ, ಪಂಚೆ ಬದಲಾಯಿಸಿ ಕೋಲಾರಕ್ಕೆ ಹೊರಟೆ. ಡಾಕ್ಟರು ಬಸ್ಸಿನ ಟಿಕೆಟ್ಟಿನ ಹಿಂದೆ ಹೆಸರು ಬರೆದುಕೊಟ್ಟಿದ್ದರು; ಕೋಲಾರ ಸೇರುವಷ್ಟರಲ್ಲಿ ನನಗದು ಬಾಯಿಪಾಠ.

ಮಂಡಳಿಯ ನಾಮಾರ್ಥಾಧಿಕಾರಿ ಅಮರನಾಥ್ ಬಹಳ ಶಿಸ್ತಿನ ಮನುಷ್ಯ. ನಾನು ಹೆಸರು ಹೇಳಿದ್ದಕ್ಕೆ ಕಣ್ಣು ಮುಚ್ಚಿ ತಲೆದೂಗಿ, ಇನ್ನೊಂದು ಸಲ ಹೇಳಿಸಿ ಕೇಳಿದರು. ಆಮೇಲೆ ಅರ್ಥ ಬಿಡಿಸಿದರು.

“ಟೆಟ್ರಾ ಅಂದ್ರೆ ನಾಲ್ಕು. ಸೈಕ್ಲಿನ್ ಅಂದ್ರೆ ಬಳೆ ಅಂತಿಟ್ಟುಕೊಳ್ಳಿ. ನಾಲ್ಕು ಬಳೆ ಸಾಲಾಗಿ ಅಂಟಿಕೊಂಡಿರೋ ಪದಾರ್ಥ. ಆಕ್ಸಿ ಅಂದ್ರೆ ಜೊತೆಗೆ ಒಂದಿಷ್ಟು ಆಮ್ಲಜನಕ. ಹೈಡ್ರೋಕ್ಲೋರೈಡ್ ಅಂದ್ರೆ ಅದರ ಉಪ್ಪು. ತಿಳೀತಾ?”

“ತಿಳೀತು ಸಾರ್. ಬೀಗದ ಕೈ ಕೊಡಿ.”

“ನಿಮಗೆ ತಿಳೀತು ಅಂತ ನನಗೆ ಹೇಗೆ ತಿಳಿಯುತ್ತೆ? ದೃಢೀಕರಣ ಆಗಬೇಕು. ಬಳೆ ನಾಲ್ಕು, ನಮ್ಮ ಮಂಡಳಿಗೆ ತಾಲ್ಲೂಕೂ ನಾಲ್ಕು. ತಾಲ್ಲೂಕಿಗೆ ಒಂದು ಬಳೆ. ಮೊದಲನೇದು ನನ್ನದು, ಇಗೋ ಸಹಿ.”

“ಸಾರ್, ಡಾಕ್ಟರಮ್ಮನಿಗೆ ಅರ್ಥ ಗೊತ್ತಲ್ಲ?”

“ಡಾಕ್ಟರಿಗೆ ಗೊತ್ತಿದ್ರೆ ಡಾಕ್ಟರಿಗೆ ಮದ್ದು ಕೊಡಬಹುದು. ಹಸು ಯಾರದು?”

ನಮ್ಮಕ್ಕನದು ಅಂದೆ. ಅವರು ನಮೂನೆ ತುಂಬುತ್ತಾ ಹಸುವಿಗೆ ತೊಟ್ಟು ಎಷ್ಟು ಎಂದು ಕೇಳಿದರು. ನಾಲ್ಕು ಅಂದೆ. ಅಮರನಾಥರ ಮುಖ ಅರಳಿತು. “ನೋಡಿ, ಎಷ್ಟು ಚೆನ್ನಾಗಿ ತಾಳೆ ಆಗ್ತಿದೆ! ಹದಿನಾಲ್ಕನೇ ನಿಯಮದ ಪ್ರಕಾರ ಬಳೆಯ ಸಂಖ್ಯೆ, ತೊಟ್ಟಿನ ಸಂಖ್ಯೆ ಸಮ ಇರಬೇಕು. ನಿಮ್ಮ ಹಸು ಬಹಳ ಅರ್ಹ ಹಸು.” ನನಗೂ ಹೆಮ್ಮೆಯಾಯಿತು. ಊರಿಗೆ ಬಂದು ಅಕ್ಕನಿಗೆ ಹೇಳಿದೆ. ಅಕ್ಕ ಬಿಸಿನೀರಿನ ಬಟ್ಟೆ ಹಿಂಡಿ ಅರ್ಹ ಹಸುವಿನ ತೊಟ್ಟಿಗೆ ಒತ್ತಿದಳು.

ಮಾಲೂರಿನಲ್ಲಿ ಎರಡನೇ ಬಳೆ. ಅಲ್ಲಿಯ ಅಧಿಕಾರಿಗೆ ಬಾಯಿಮಾತಿನ ಬಳೆ ಆಗುವುದಿಲ್ಲ, ಮಾದರಿ ಹಾಜರುಪಡಿಸಬೇಕು. ವಾಪಸು ಬಂದು ಅಕ್ಕನ ಕೈಯಿಂದ ಒಂದು ಬಳೆ ಬಿಚ್ಚಿಸಿಕೊಂಡು ಹೋದೆ. ಅವರು ಅದರೊಳಗೆ ಕಣ್ಣಿಟ್ಟು ಈ ಕಡೆಯಿಂದ ನನ್ನನ್ನೂ, ಆ ಕಡೆಯಿಂದ ಕಿಟಕಿಯನ್ನೂ ನೋಡಿ, “ಖಾಲಿ ಇರುವುದು ಕಂಡುಬಂದಿದೆ” ಎಂದು ಬರೆದು ಸಹಿ ಹಾಕಿದರು. ಬಳೆ ದಾಖಲೆಯ ಜೊತೆ ಲಗತ್ತಾಯಿತು. ಇದಕ್ಕೆ ಮೂರು ದಿನ. ಅಷ್ಟರಲ್ಲಿ ತೊಟ್ಟು ಕೆಂಪಗಿದ್ದದ್ದು ನೇರಳೆಯಾಗಿತ್ತು.

ಶ್ರೀನಿವಾಸಪುರದಲ್ಲಿ ಗಂಗುಲಪ್ಪ ಎಂಬ ಗುಮಾಸ್ತ. ಆಂಧ್ರದ ಗಡಿಯ ರಾಯಲ್ಪಾಡು ಕಡೆಯವನು, ನಕ್ಕೊಂಡೇ ಕುರ್ಚಿ ಕೊಟ್ಟ.

“ರಾಂಡನ್ನಾ, ಕೂಚೋಂಡಿ. ಮೂರನೇ ಬಳೆನಾ? ಇದೇ ಕಷ್ಟದ್ದು.”

“ಯಾಕಪ್ಪ?”

“ನಮ್ಮ ತಾಲ್ಲೂಕು ಗಡಿ ಕಣನ್ನಾ. ಬಳೆ ಗುಂಡಗಿರುತ್ತೆ. ಉರುಳ್ಕೊಂಡು ಮದನಪಲ್ಲಿ ಕಡೆಗೆ ಹೋದ್ರೆ ಯಾರು ಜವಾಬ್ದಾರಿ? ಗಡಿ ದಾಟಲ್ಲ ಅಂತ ಮುಚ್ಚಳಿಕೆ ಬರ್ಕೊಡಬೇಕು. ಕನ್ನಡದಲ್ಲೊಂದು, ತೆಲುಗಲ್ಲೊಂದು.”

“ಅದು ಕಣ್ಣಿಗೆ ಕಾಣದಷ್ಟು ಸಣ್ಣ ಬಳೆಯಂತಲ್ಲೋ!”

“ಅದೇ ಭಯ. ಕಾಣೋದಾಗಿದ್ರೆ ಚೆಕ್‌ಪೋಸ್ಟಲ್ಲಿ ಹಿಡೀತಿದ್ರು.”

ಎರಡೂ ಭಾಷೆಯಲ್ಲಿ ಬರೆದುಕೊಟ್ಟೆ. ತೆಲುಗಿನಲ್ಲಿ ನಾನು ಬರೆದ ಒಕ್ಕಣೆ ನೋಡಿ ಗಂಗುಲಪ್ಪ ಅದನ್ನು ಮನೆಗೆ ತೆಗೆದುಕೊಂಡು ಹೋಗಿ ಹೆಂಡತಿಗೆ ಓದಿ ಹೇಳಿದನಂತೆ. ಸಾಹೇಬರು ಸಹಿ ಹಾಕಲು ಇನ್ನೂ ನಾಲ್ಕು ದಿನ ಹಿಡಿಯಿತು.

ನಾಲ್ಕನೆಯದು ಮುಳಬಾಗಿಲು. ಅಲ್ಲಿಗೆ ಹೋದಾಗ ಅಧಿಕಾರಿ ಕುರ್ಚಿಯಲ್ಲೇ ಇದ್ದರು. ತಕ್ಷಣ ಸಹಿಯಾಯಿತು. ನಾಲ್ಕು ಬಳೆಯ ಪತ್ರವನ್ನೂ ಚೀಲಕ್ಕೆ ಹಾಕಿಕೊಂಡು, ಬಸ್ಸಿನ ಮುಂದಿನ ಸೀಟಿನಲ್ಲಿ ಕೂತು, ಮೀಸೆ ತಿರುವುತ್ತಾ ಊರಿಗೆ ಬಂದೆ.

ಕೊಟ್ಟಿಗೆಯಲ್ಲಿ ಡಾಕ್ಟರ್ ಅನಿತ ಕೈ ತೊಳೆಯುತ್ತಿದ್ದರು. ತೊಟ್ಟು ಕಪ್ಪಾಗಿ, ತಣ್ಣಗಾಗಿ ಕೊಳೆತಿತ್ತು. ಹಸು ಉಳಿಯಲಿ ಎಂದು ಕತ್ತರಿಸಿ ತೆಗೆದಿದ್ದರು. ಕಮಲಿ ನಿಂತಿದ್ದಳು, ಮೇವು ಮುಟ್ಟಿರಲಿಲ್ಲ. ಅಕ್ಕ ಅವಳ ಕೊರಳು ಸವರುತ್ತಾ, ತಿರುಗಿಯೂ ನೋಡದೆ ಹೇಳಿದಳು: “ನಿನ್ನ ಬಾಯಿಗೆ ಹೆಸರು ಬಂತು, ನನ್ನ ಹಸುಗೆ ತೊಟ್ಟು ಹೋಯ್ತು. ಹೋಗು, ಇನ್ನೊಂದ್ಸಲ ಹೇಳ್ಕೊಂಡು ಬಾ.”

ನನಗೆ ಆ ಕ್ಷಣ ಹೆಸರು ಮರೆತುಹೋಯಿತು. ಆಮೇಲೆ ನೆನಪಾಯಿತು.

ಹೋದ ತೊಟ್ಟು ಹೋಯಿತು, ಉಳಿದ ಮೂರಕ್ಕೆ ಹರಡದಂತೆ ಮದ್ದು ಬೇಕೇ ಬೇಕು ಎಂದರು ಡಾಕ್ಟರು. ಪತ್ರಗಳನ್ನೆಲ್ಲ ಹಿಡಿದು ಅಮರನಾಥರ ಮುಂದೆ ನಿಂತೆ. ಅವರು ಎಲ್ಲ ನೋಡಿ ಕನ್ನಡಕ ತೆಗೆದರು.

“ಬಳೆ ನಾಲ್ಕು. ತೊಟ್ಟು ಮೂರು. ಹದಿನಾಲ್ಕನೇ ನಿಯಮ.”

“ಸಾರ್, ನಿಮ್ಮ ಬಳೆ ಸುತ್ತಿ ಬರೋಷ್ಟರಲ್ಲೇ ಒಂದು ಹೋಗಿದ್ದು!”

“ಇರಬಹುದು. ಆದರೆ ಮೂರು ತೊಟ್ಟಿಗೆ ನಾಲ್ಕು ಬಳೆಯ ಮದ್ದು ಕೊಟ್ಟರೆ ಒಂದು ಬಳೆ ಎಲ್ಲಿ ಹೋಯಿತು ಅಂತ ನಾಳೆ ನನ್ನನ್ನು ಕೇಳ್ತಾರೆ. ಮೂರು ಬಳೆಯ ಮದ್ದಿದ್ದರೆ ನೋಡಿ. ಇಲ್ಲದಿದ್ದರೆ ನಾಲ್ಕು ತೊಟ್ಟಿರುವ ಬಗ್ಗೆ ಸ್ಥಳ ಪರಿಶೀಲನೆ ಆಗಲಿ. ತೊಟ್ಟು ಇಂಥದ್ದೇ ಇರಬೇಕು ಅಂತ ನಿಯಮದಲ್ಲಿ ಎಲ್ಲೂ ಇಲ್ಲ.”

ಬೇರೆಯವರಾಗಿದ್ದರೆ ಅತ್ತುಕೊಂಡು ಬರುತ್ತಿದ್ದರು. ನಾನು ನೇರ ಶಿವಾರಪಟ್ಟಣಕ್ಕೆ ಹೋದೆ. ಶಿಲ್ಪಿ ಮುನಿಶಾಮಿ ಒಂದು ನಂದಿಯ ಕಿವಿ ಕೆತ್ತುತ್ತಿದ್ದ. ವಿಷಯ ಹೇಳಿದೆ. ಅವನು ನಗಲಿಲ್ಲ. ಕೆಲಸದವನು ಕೆಲಸದವನೇ.

“ಎಡಗಡೇದೋ, ಬಲಗಡೇದೋ?”

“ಹಿಂದಿನ ಬಲಗಡೇದು.”

“ತುದೀಲಿ ತೂತು ಬೇಕಾ?”

“ಟ್ಯೂಬು ಏರಬೇಕಲ್ಲಪ್ಪ.”

“ಬಸವನ ಮೂಗು ಕೊರೆದ ಕೈ ಇದು. ನಾಡಿದ್ದು ಬನ್ನಿ.”

ಎಂಥ ತೊಟ್ಟು ಅಂತೀರಿ! ಕರಿಕಲ್ಲು, ನುಣ್ಣಗೆ ತಿಕ್ಕಿ, ಎಣ್ಣೆ ಹಚ್ಚಿ ಮಿಂಚಿಸಿದ್ದ. ಅಕ್ಕ ಮೊದಲು ಬೈದಳು, ಆಮೇಲೆ ಉಳಿದ ಮೂರನ್ನು ನೋಡಿ ತನ್ನ ಹಳೇ ಸೀರೆಯ ಅಂಚು ಹರಿದು ಕಟ್ಟುವುದಕ್ಕೆ ಕೊಟ್ಟಳು. ಅಮರನಾಥ್ ಜೀಪಿನಲ್ಲಿ ಬಂದು, ಬಗ್ಗಿ, ಬೆರಳಿಟ್ಟು ಎಣಿಸಿದರು. ಒಂದು, ಎರಡು, ಮೂರು, ನಾಲ್ಕು. “ನಾಲ್ಕನೆಯದು ಸ್ವಲ್ಪ ಗಟ್ಟಿ ಇದೆ. ಬಾವು ಬಂದ ತೊಟ್ಟು ಗಟ್ಟಿಯಾಗುವುದು ಸಹಜ” ಎಂದು ಟಿಪ್ಪಣಿ ಬರೆದು ಬೀಗದ ಕೈ ಕೊಟ್ಟರು.

ಡಾಕ್ಟರ್ ಅನಿತ ಓಡಿ ಹೋಗಿ ಟ್ಯೂಬು ತಂದು, ಮುಂದಿನ ತೊಟ್ಟಿಗೆ ಕೈ ಹಾಕಿದರು.

“ಡಾಕ್ಟರೇ, ನಿಲ್ಲಿ!” ಅಂದರು ಅಮರನಾಥ್. “ಮಂಜೂರಾಗಿರುವುದು ಹಿಂದಿನ ಬಲಗಡೆ ತೊಟ್ಟಿಗೆ.”

“ಸಾರ್, ಅದು ಕಲ್ಲು.”

“ರೋಗ ಅದಕ್ಕೇ ಬಂದಿದ್ದು ಅಂತ ಮೊದಲ ದಿನದ ವರದಿಯಲ್ಲಿ ನೀವೇ ಬರೆದಿದ್ದೀರಿ.”

ಅನಿತ ಆ ವರದಿ ತಿರುಗಿಸಿ ನೋಡಿದರು. ಅವರ ಸಹಿ ಅಲ್ಲಿತ್ತು. ಹಳದಿ ಮದ್ದು ಪೂರ್ತಿ ಕಲ್ಲಿನ ತೊಟ್ಟಿಗೆ ಏರಿತು. ತುದಿಯಿಂದ ಎರಡು ಹನಿ ಹುಲ್ಲಿನ ಮೇಲೆ ಬಿದ್ದವು. ನಾವೆಲ್ಲ ಚಪ್ಪಾಳೆ ತಟ್ಟಿದೆವು. ಫೋಟೋ ಆಯಿತು.

ಪುಣ್ಯಕ್ಕೆ ಉಳಿದ ಮೂರು ತೊಟ್ಟು ತಾವಾಗಿಯೇ ಉಳಿದುಕೊಂಡವು. ಡೈರಿಗೆ ಹಾಲು ಹೋಗುತ್ತಿದೆ, ಮೊದಲಿಗಿಂತ ಕಾಲು ಭಾಗ ಕಡಿಮೆ. ಕಲ್ಲಿನ ತೊಟ್ಟಿಗೆ ಮಾತ್ರ ಆವತ್ತಿನಿಂದ ಇವತ್ತಿನವರೆಗೆ ಒಂದು ಸಲವೂ ಬಾವು ಬಂದಿಲ್ಲ. ಮಂಡಳಿಯ ವರದಿಯಲ್ಲಿ “ಅರ್ಥ ತಿಳಿದು ಬಳಸಿದ ಔಷಧವು ಶೇಕಡಾ ನೂರರಷ್ಟು ಫಲಕಾರಿ” ಎಂದು ಅಚ್ಚಾಯಿತು. ಅದೇ ಆಧಾರದ ಮೇಲೆ ನಾಲ್ಕು ತಾಲ್ಲೂಕಿನ ಪಶು ಆಸ್ಪತ್ರೆಗೂ ಒಂದೊಂದು ಕಲ್ಲಿನ ತೊಟ್ಟು ಮಂಜೂರಾಗಿದೆ. ಮುನಿಶಾಮಿ ನಂದಿಯನ್ನು ಪಕ್ಕಕ್ಕಿಟ್ಟಿದ್ದಾನೆ. ರೈತರು ಹಸು ಹಿಡಿದು ಸಾಲಾಗಿ ನಿಲ್ಲುತ್ತಾರೆ, ನಾನು ಹೆಸರು ಹೇಳಿಕೊಡುತ್ತೇನೆ, ಎಲ್ಲರೂ ಹೇಳುತ್ತಾರೆ, ಮದ್ದು ಕಲ್ಲಿಗೆ ಏರುತ್ತದೆ, ಹಸು ಹಿಡಿದು ಮನೆಗೆ ಹೋಗುತ್ತಾರೆ. ಗಲಾಟೆ ಇಲ್ಲ, ದೂರಿಲ್ಲ. ಮೊನ್ನೆ ದೊಡ್ಡಗಂಗಮ್ಮನ ಹಸುವಿಗೆ ಬಾವು ಬಂದಾಗ ನಮ್ಮಕ್ಕನೇ ಹೇಳಿದಳು: “ಬೇಗ ಹೋಗೇ, ಕಲ್ಲಿಗೆ ಹಾಕಿಸ್ಕೊಂಡು ಬಾ. ತಡ ಮಾಡಿದ್ರೆ ತೊಟ್ಟು ಹೋಗುತ್ತೆ.”

ಇಷ್ಟೂ ಕಮಲಿಯ ಬಾಲದಾಣೆಗೂ ನಿಜ. ಒಂದೇ ಒಂದು ಸಣ್ಣ ವಿಷಯ ನಾನು ಕಟ್ಟಿ ಹೇಳಿದ್ದು, ಅದನ್ನು ಒಪ್ಪಿಕೊಂಡುಬಿಡುತ್ತೇನೆ. ಮುಳಬಾಗಿಲಿನಲ್ಲಿ ಅಧಿಕಾರಿ ಕುರ್ಚಿಯಲ್ಲೇ ಇದ್ದರು ಎಂದೆನಲ್ಲ, ಅದು. ಕುರ್ಚಿ ಮಾತ್ರ ಇತ್ತು.